ಎಲಿ ಆಗಿದ್ರ

ಸವಣೂರಿನ ಬಸ್ ನಿಲ್ದಾಣದಲ್ಲಿ ಮರಿಯಮಬಿ ನಿದ್ದೆಹೋದ ಮೊಮ್ಮಗಳನ್ನು ತೊಡೆಯ ಮೇಲೆ ಹಾಕಿಕೊಂಡು ಕೂತಿದ್ದಳು. ಹಿಂದಿನ ಬೆಂಚಿನಿಂದ ಗಂಡಹೆಂಡತಿಯ ಸಣ್ಣ ದನಿ ಕೇಳಿಸುತ್ತಿತ್ತು.

“ಅಗ್ಲುಟಿನೇಶನ್ ಅಂದ್ರ ಏನಂದ್ರು ಡಾಕ್ಟರು? ರಕ್ತದ ಗುಂಪು ನೋಡೂಮುಂದೂ ಅದನ್ನ ಅಂತಾರಲ್ರಿ.”

“ಅಲ್ಲೆ ರಕ್ತದ ಕಣ ಅಂಟಕೊಳ್ತಾವ, ಇಲ್ಲೆ ನನ್ನ ವೀರ್ಯಾಣು. ಜೀವ ಐತಂತ. ಆದ್ರ ಒಂದಕ್ಕೊಂದು ಹಿಡಕೊಂಡು ಮುಂದ ಹೋಗಂಗಿಲ್ಲಂತ.”

“ನೀರು ಹೊಡದು ಕಟ್ಟಿದ ವೀಳ್ಯದೆಲಿ ಪೆಂಡಿ ಹಂಗ.”

“ಹಂಗ.”

“ಎಲಿ ಆಗಿದ್ರ ನಾನ ಕುಂತು ಒಂದೊಂದ ಬಿಡಸ್ತಿದ್ದೆ.”

ಅವನು ಕಾಗದ ಮಡಚಿದ ಸದ್ದಾಯಿತು.

“ಕೊರತಿ ನಂದು ಅಂತ ಅವ್ವಗ ಇವತ್ತ ಹೇಳ್ತೇನಿ.”

“ಬ್ಯಾಡ್ರಿ. ಅಕಿ ನನಗ ಅನ್ನೂದೆಲ್ಲಾ ಅಂದಾಗೇತಿ. ನಾಳೆ ನಿಮ್ಮ ತಂಗಿ ಕೂಸಿನ್ನ ತೊಟ್ಟಿಲದಾಗ ಹಾಕೂಮುಂದ ಹೆಣ್ಮಕ್ಕಳು ಕೈಯಿಂದ ಕೈಗೆ ಕೊಡ್ತಾರ. ಆ ಹೊತ್ತಿಗೆ ನನ್ನ ಅಡಗಿಮನಿಗೆ ಕಳಸ್ತಾರ. ಅವಾಗ ನೀವು ಕರೀರಿ. ಒಮ್ಮೆ ನನ್ನ ಕೈಯಾಗ ಕೊಡಸ್ರಿ, ಸಾಕು.”

ಮರಿಯಮಬಿ ಮೊಮ್ಮಗಳನ್ನು ಎಚ್ಚರವಾಗದಂತೆ ನಿಧಾನಕ್ಕೆ ಎರಡೂ ಕೈಯಲ್ಲಿ ಎತ್ತಿಕೊಂಡು ಹಿಂದಕ್ಕೆ ತಿರುಗಿದಳು. ಬೆಂಚು ಖಾಲಿಯಾಗಿತ್ತು, ಶಿಗ್ಗಾಂವಿ ಬಸ್ಸು ಅವರನ್ನು ಹತ್ತಿಸಿಕೊಂಡು ಹೊರಟಿತ್ತು.