ಬೇಯದ ಬೇಳೆಗೆ ಬಿದ್ದ ಹುಳಿ

ಒಂದೂರಿನಲ್ಲಿ ಉಣ್ಣಲು ಉಡಲು ಕೊರತೆಯಿಲ್ಲದ ಶ್ರೀಮಂತನೊಬ್ಬನಿದ್ದ. ಅವನ ಕತೆ ಬಿಡಿ, ಅವನ ಹೆಂಡತಿಯ ಕತೆ ಕೇಳಿ.

ಆ ಮನೆಗೆ ಹೊಸದಾಗಿ ಸೊಸೆ ಬಂದಿದ್ದಳು. ಅವಳ ತಂದೆ ಮಗಳ ಮನೆಯಲ್ಲಿ ಮೊದಲ ಸಲ ಊಟಕ್ಕೆ ಬರುವವನಿದ್ದ. ಸೊಸೆ ಹುಳಿ ಮಾಡಲೆಂದು ತೊಗರಿಬೇಳೆ, ಹುರುಳಿಕಾಯಿ ಒಲೆಯ ಮೇಲಿಟ್ಟು, ಬಾಳೆಯೆಲೆ ಕೊಯ್ಯಲು ಹಿತ್ತಲಿಗೆ ಹೋದಳು. ಅಷ್ಟರಲ್ಲಿ ಬಾಗಿಲಲ್ಲಿ ಬೀಗರ ದನಿ. ಅತ್ತೆಗೆ ಗಡಿಬಿಡಿಯಾಯಿತು. ಕಿವುಚಿಟ್ಟಿದ್ದ ಹುಣಸೆರಸವನ್ನು ಪಾತ್ರೆಗೆ ಸುರಿದೇಬಿಟ್ಟಳು. ನೋಡಿ, ಅರೆಬೆಂದ ಬೇಳೆಗೆ ಹುಳಿ ಬಿದ್ದರೆ ಏನಾಗುತ್ತದೆ? ಆಮೇಲೆ ಎಷ್ಟು ಉರಿ ಹಾಕಿದರೂ ಬೇಯುವುದಿಲ್ಲ. ನಿಮಗೆ ಗೊತ್ತು. ಆಕೆಗೂ ಗೊತ್ತಿತ್ತು. ಗಡಿಬಿಡಿಗೆ ಗೊತ್ತುಗುರಿ ಇರುತ್ತದೆಯೇ?

ಎಲೆ ಹಾಕಿ ಬಡಿಸಿದರು. ಶ್ರೀಮಂತ ಮೊದಲ ತುತ್ತಿಗೇ ಮುಖ ಸಿಂಡರಿಸಿದ.

“ಏನ್ರೀ ಬೀಗರೇ, ಮಗಳಿಗೆ ಬೇಳೆ ಬೇಯ್ಸೋದೂ ಕಲಿಸ್ಲಿಲ್ವಾ? ಹಲ್ಲಿಗೆ ಕಲ್ಲು ಸಿಕ್ಕ ಹಾಗಿದೆ!”

ಸೊಸೆ ಅತ್ತೆಯ ಮುಖ ನೋಡಿದಳು.

ಅತ್ತೆ ಮನಸ್ಸಿನಲ್ಲೇ ಅಂದುಕೊಂಡಳು: ಇವರೆಲ್ಲ ಉಂಡೇಳಲಿ, ಆಮೇಲೆ ಒಳಗೆ ಕರೆದು ಹುಡುಗಿಗೆ ಒಂದೆರಡು ಒಳ್ಳೆಯ ಮಾತು ಹೇಳಿದರಾಯಿತು.

ಆ ತಂದೆ ತಲೆಯೆತ್ತದೆ, “ನಂಗೇನೋ ರುಚಿಯಾಗೇ ಇದೆ. ಇನ್ನೊಂದು ಸೌಟು ಹಾಕಮ್ಮ” ಎಂದ. ಅವನು ಬೇಳೆ ಅಗಿಯುವ ಕಟಕಟ ಸದ್ದು ಅತ್ತೆಯ ಕಿವಿಗೆ ಬಿತ್ತು. ಹುಡುಗಿ ಸೌಟು ಹಿಡಿದು ಬಡಿಸಲು ಬಾಗಿದಳು.

ಅತ್ತೆ ಸೌಟನ್ನು ತಾನೇ ಇಸಿದುಕೊಂಡಳು.

“ಬೇಡ ಬೀಗರೇ, ಬಲವಂತಕ್ಕೆ ತಿನ್ಬೇಡಿ. ಅವಳು ಸರಿಯಾಗೇ ಇಟ್ಟಿದ್ಲು. ಬೇಯೋ ಮೊದ್ಲೇ ಹುಳಿ ಸುರಿದವಳು ನಾನು.” ಗಂಡನ ಕಡೆ ತಿರುಗಿದಳು. “ಕಲಿಸೋದಿದ್ರೆ ನಂಗೆ ಕಲಿಸಿ.”

ಶ್ರೀಮಂತ ಬೇಳೆಯನ್ನು ಎಲೆಯ ಅಂಚಿಗೆ ಸರಿಸಿದ. “ಮಜ್ಜಿಗೆ ಇದೆಯಾ?” ಎಂದ.

ತಾಯಂದಿರೇ, ಅಣ್ಣಂದಿರೇ, ನಮ್ಮ ಮನೆಗಳಲ್ಲಿ ಏನು ನಡೆಯುತ್ತದೆ? ಅವಮಾನ ನಡುಮನೆಯಲ್ಲಿ, ಸಮಾಧಾನ ಅಡುಗೆಮನೆಯಲ್ಲಿ! ನಾಲ್ಕು ಜನರ ಮುಂದೆ ಬಿದ್ದ ಮಾತನ್ನು ಯಾರೂ ಇಲ್ಲದಾಗ ಒರೆಸಿದರೆ ಹೋಗುತ್ತದೆಯೇ? ಹೋಗುವುದಿಲ್ಲ. ನಾಳೆ ನಿಮ್ಮ ತಪ್ಪಿಗೆ ಸೊಸೆಯೋ, ಮಗುವೋ, ಮನೆಗೆಲಸದವಳೋ ಬೈಸಿಕೊಳ್ಳುತ್ತಿದ್ದರೆ ಅಲ್ಲೇ ಬಾಯಿ ಬಿಡಿ. ಯಾರ ಎದುರಿಗೆ ಅವರ ತಲೆ ಬಗ್ಗಿತೋ ಅವರ ಎದುರಿಗೇ ಹೇಳಿ. ಉಣ್ಣುವವರು ಎಲೆ ಬಿಟ್ಟು ಏಳುವ ಮೊದಲೇ ಹೇಳಿ.