ಎಲ್ಲರಿಗೂ ಸೇರಿದ ಫೈಲು

ವಿದ್ಯಾರಣ್ಯಪುರಂ ಬಸ್ಸಿನಲ್ಲಿ ಸೀಟು ಸಿಕ್ಕಿದ್ದೇ ಪುಣ್ಯವೆಂದು ಕಣ್ಣು ಮುಚ್ಚಿದ್ದ ದಾಕ್ಷಾಯಣಮ್ಮನವರ ಜೊಂಪನ್ನು ಮುಂದಿನ ಸೀಟಿನ ಹುಡುಗಿಯರ ಮಾತು ಹಾರಿಸಿತು. ಒಬ್ಬಳು ಸುಷ್ಮಾ, ಡಿಟಿಪಿ ಅಂಗಡಿಯಲ್ಲಿ ಟೈಪ್ ಮಾಡುವವಳು. ಇನ್ನೊಬ್ಬಳು ಅವಳ ಗೆಳತಿ ಲಾಸ್ಯ.

“ಇರೋದೆಲ್ಲಾ ಅಳಿಸಿ ಕಂಪ್ಯೂಟರ್ ಫಾರ್ಮ್ಯಾಟ್ ಮಾಡ್ಬುಡ್ತೀನಿ ಅಂತಿದ್ರು ಕಣೇ ನಮ್ಮ ಓನರ್. ನಾನು ಟೈಪ್ ಮಾಡಿದ ಮಠದ ಪುಸ್ತಕ ಪೂರ್ತಿ ಅದರಲ್ಲೇ ಇತ್ತು, ಬೇರೆ ಕಾಪಿ ಇಲ್ಲ.”

“ಅಯ್ಯೋ, ಯಾಕಂತೆ?”

“ಕನ್ನಡ ಸಾಫ್ಟ್‌ವೇರ್ ತೆರೀತಾನೇ ಇರ್ಲಿಲ್ಲ. ಯಾವುದೋ ಡಿಎಲ್‌ಎಲ್ ಫೈಲ್ ಇಲ್ಲ ಅನ್ನೋದು. ಹಿಂದಿನ ದಿನ ಇವ್ರು ಕಾರ್ ಗೇಮ್ ತೆಗೆದುಹಾಕಿದ್ರು. ಈ ಫೈಲನ್ನ ಬೇರೆಯವೂ ಬಳಸ್ತಿರಬಹುದು, ಅಳಿಸ್ಲಾ ಅಂತ ಕಂಪ್ಯೂಟರೇ ಕೇಳಿದೆ. ಇವ್ರು ಎಲ್ಲಕ್ಕೂ ಎಸ್ ಒತ್ತಿದಾರೆ.”

“ಗೇಮಿನ ಫೈಲ್ ಗೇಮ್ ಜೊತೆ ಹೋದ್ರೆ ಕನ್ನಡಕ್ಕೇನು ನಷ್ಟ?”

“ನಿಮ್ಮ ವಠಾರದ ಒರಳುಕಲ್ಲು ಇಲ್ವಾ, ಹಂಗೇ. ಮನೆ ಖಾಲಿ ಮಾಡೋರು ಅದನ್ನೂ ಎತ್ಕೊಂಡು ಹೋದ್ರೆ ಮಿಕ್ಕವ್ರು ಎಲ್ಲಿ ರುಬ್ತೀರ? ಗೇಮ್ ಫೋಲ್ಡರಲ್ಲಿರೋದು ಅದರ ಸ್ವಂತದ್ದು. ಸಿಸ್ಟಮ್ ಫೋಲ್ಡರಲ್ಲಿರೋದು ಎಲ್ಲರದ್ದೂ. ಇವ್ರು ಅಳಿಸಿದ್ದು ಅಲ್ಲಿಂದ, ಕನ್ನಡಕ್ಕೂ ಅದೇ ಬೇಕಿತ್ತು.”

“ಆಮೇಲೆ?”

“ಪಕ್ಕದ ಕಂಪ್ಯೂಟರಿಂದ ಅದೊಂದೇ ಫೈಲ್ ಫ್ಲಾಪೀಲಿ ತಂದು ಹಾಕ್ದೆ. ಪುಸ್ತಕ ಒಂದಕ್ಷರ ಬಿಡದೆ ತೆರ್ಕೊಂತು.”

“ಭೇಷ್ ಕಣೇ. ಓನರ್ ಏನಂದ್ರು?”

“ಇವತ್ತು ಏನೋ ಅಳಿಸಕ್ಕೆ ಹೋಗಿ ಕೈ ಹಿಂದಕ್ಕೆ ತಗೊಂಡ್ರು. ‘ಸುಷ್ಮಾ ಅವರೇ, ಇದು ಯಾರದ್ದು ಸ್ವಲ್ಪ ನೋಡ್ತೀರಾ’ ಅಂದ್ರು. ಇಷ್ಟು ದಿನ ‘ಏ ಹುಡುಗಿ’ ಅಂತಿದ್ದೋರು.”

ಕಂಡಕ್ಟರ್ ಸ್ಟಾಪಿನ ಹೆಸರು ಕೂಗಿದ. ಲಾಸ್ಯ ಎದ್ದು ನಿಂತಳು.

“ಸ್ವಲ್ಪ ದಾರಿ ಬಿಡ್ರಪ್ಪ, ಸುಷ್ಮಾ ಅವರು ಇಳೀಬೇಕು.”

ನಿಂತಿದ್ದವರು, ಯಾರೋ ದೊಡ್ಡವರಿರಬೇಕೆಂದು, ಸರಿದು ದಾರಿ ಕೊಟ್ಟರು.