ಮಾಡ್ಸ್ ಫೋಲ್ಡರಿನೊಳಗಿನ ಸೊಸೆ

ಕಣ್ಣಾಸ್ಪತ್ರೆಯ ಬೆಂಚಿನ ಮೇಲೆ ಅತ್ತೆ, ಸೊಸೆ ಕೂತಿದ್ದರು. ಅತ್ತೆಗೆ ಔಷಧಿ ಹನಿ ಹಾಕಿ ಕಣ್ಣು ಮುಚ್ಚಿಸಿದ್ದರು. ಪಕ್ಕದಲ್ಲಿ ಸರದಿ ಕಾಯುತ್ತಿದ್ದ ಒಬ್ಬ ದರ್ಜಿಗೆ ಬೇಡವೆಂದರೂ ಅವರ ಮಾತು ಕಿವಿಗೆ ಬೀಳುತ್ತಿತ್ತು.

“ಕಂಪ್ಯೂಟರ್‌ನಲ್ಲಿ ಮನೆ ಕಟ್ಟಿ ಸಂಸಾರ ನಡೆಸೋ ಆಟ ಆಡ್ತೀನಲ್ಲ, ಅದನ್ನ ನಮಗೆ ಬೇಕಾದಂಗೆ ಬದಲಾಯಿಸೋ ಫೈಲು, ಮಾಡ್ ಅಂತಾರಲ್ಲ, ಅದೊಂದು ಇಳಿಸ್ಕೊಂಡೆ ಕಣೇ. ಆಟದಲ್ಲಿ ಏನೂ ಬದಲಾಗ್ಲೇ ಇಲ್ಲ.”

“ಡೌನ್‌ಲೋಡ್ಸ್‌ನಲ್ಲೇ ಬಿಟ್ಟಿದ್ರಿ ಅತ್ತೆ. ಡಾಕ್ಯುಮೆಂಟ್ಸ್ ಒಳಗೆ ಆಟದ ಹೆಸರಿನ ಫೋಲ್ಡರ್ ಇದೆ, ಅದ್ರೊಳಗೆ ಮಾಡ್ಸ್ ಅಂತ ಇನ್ನೊಂದು. ಜಿಪ್ ಫೈಲ್ ಬಿಚ್ಚಿ ಅಲ್ಲಿ ಹಾಕ್ಬೇಕು.”

“ಹೌದಾ? ಮನೆಗೆ ಹೋಗಿ ಹಾಕ್ತೀನಿ ಬಿಡು.”

“ಬೆಳಿಗ್ಗೆ ನಾನೇ ಹಾಕ್ದೆ.”

ಅತ್ತೆಯ ಬೆರಳುಗಳು ಕೈಚೀಲದ ಹಿಡಿಯನ್ನು ಬಿಗಿಯಾಗಿ ಹಿಡಿದವು.

“ಅದು... ಬರೀ ಕಿಟಕಿ ಪರದೆದು.”

“ಪರದೆದಲ್ಲ ಅತ್ತೆ. ‘ಎದುರು ಮಾತಾಡದ ಸೊಸೆ’ ಅಂತ ಅದ್ರ ಹೆಸರು.”

ದರ್ಜಿ ತನ್ನ ಚಪ್ಪಲಿಯನ್ನೇ ನೋಡತೊಡಗಿದ.

“ಏನೋ ತಮಾಷೆಗೆ ಕಣೇ...”

“ಚೆನ್ನಾಗೇ ಕೆಲ್ಸ ಮಾಡ್ತಿದೆ. ಆಟದ ಸೊಸೆಗೆ ನನ್ನ ಹೆಸರೇ ಇಟ್ಟಿದ್ದೀರಲ್ಲ, ಈಗ ಏನು ಕೇಳಿದ್ರೂ ಬರೀ ತಲೆ ಆಡಿಸ್ತಾಳೆ.”

ಅತ್ತೆಯ ಮುಖ ಕೆಂಪಾಯಿತು. ಮುಚ್ಚಿದ ರೆಪ್ಪೆಯಿಂದ ನೀರಿಳಿಯಿತು, ಔಷಧಿಯದೋ ಏನೋ.

ಅಷ್ಟರಲ್ಲಿ ನರ್ಸ್ ಕರೆದಳು. ಸೊಸೆ ಎದ್ದು, ಅತ್ತೆಯ ಕೈ ಹಿಡಿದು ಮೆಲ್ಲಗೆ ನಡೆಸಿಕೊಂಡು ಹೊರಟಳು.

“ಮುಂದೆ ಮೆಟ್ಟಿಲಿದ್ಯೇನೇ?”

ಸೊಸೆ ತಲೆಯಾಡಿಸಿದಳು. ಅದು ದರ್ಜಿಗೆ ಮಾತ್ರ ಕಂಡಿತು.

“ಏನಾದ್ರೂ ಮಾತಾಡೇ,” ಅಂದಳು ಅತ್ತೆ, ಇದ್ದಲ್ಲೇ ನಿಂತು. “ನಂಗೇನೂ ಕಾಣಿಸ್ತಿಲ್ಲ.”